ಕಾಕುವಿನ ಲಿಲ್ಲಿ ಡಬ್ಬಿ

‘ಲಿಲ್ಲಿ ಆಫ್ ದಿ ವ್ಯಾಲಿ’ ಎಂಬ ಚಳಿನಾಡಿನ ಹೂಗಿಡದ ಬೇರುಗಳನ್ನು ಎಂಟು ವಾರ ಫ್ರಿಜ್ಜಿನಲ್ಲಿ ತಣ್ಣಗಿಟ್ಟು ನಿನ್ನೆ ನೆರಳಲ್ಲಿ ನೆಟ್ಟೆ, ಬದುಕುತ್ತವೋ ಇಲ್ಲವೋ ಎಂದು ಮೂರು ಸಲ ಎದ್ದು ನೋಡುವಷ್ಟರಲ್ಲಿ ಒದ್ದೆ ಮಣ್ಣಿನ ವಾಸನೆಗೆ ಇಳಕಲ್ಲಿನ ಕಾಕು ನೆನಪಾದಳು.

ಮಿಲಿಟರಿಯಲ್ಲಿದ್ದ ಕಾಕಾನ, ಅಂದರೆ ಚಿಕ್ಕಪ್ಪನ, ಜೊತೆ ಸಿಮ್ಲಾದಲ್ಲಿದ್ದು ಬಂದ ಕಾಕು, ಚಳಿ ಶುರುವಾಗುತ್ತಲೇ ಅಲ್ಲಿಂದ ತಂದ ಇಂಥವೇ ಬೇರುಗಳನ್ನು ಮೊಳಕೆ ಮೇಲೆ ಮಾಡಿ ಎಣ್ಣೆ ಡಬ್ಬಿಯಲ್ಲಿ ನೆಟ್ಟು, ನೀರಿನ ಹರವಿಯ ಪಕ್ಕ ಇಟ್ಟಿದ್ದಳು.

“ಬಿಸಲ ಬಡದರ ಸಾಯ್ತೈತಿ, ಯಾರೂ ಮುಟ್ಟಬ್ಯಾಡ್ರಿ.”

ಅದನ್ನು ನನ್ನೆದುರು ಹೇಳಬಾರದಿತ್ತು. ಹಿಂದಿನ ದಿನವಷ್ಟೇ ಮಗ್ಗದ ಮನೆಯ ಮಂದಿಯೆದುರು, “ಎಂಟು ವರ್ಷದಾಕಿ, ಇನ್ನೂ ಹಾಸಿಗ್ಯಾಗ ಉಚ್ಚಿ ಹೊಯ್ಕೋತಾಳ” ಎಂದು ನನ್ನನ್ನು ತೋರಿಸಿ ನಕ್ಕಿದ್ದಳು.

ಮಧ್ಯಾಹ್ನ ಎಲ್ಲರೂ ಮಲಗಿದಾಗ ಡಬ್ಬಿಯನ್ನು ಹಿತ್ತಲ ಬಿಸಿಲಲ್ಲಿಟ್ಟು, ಅವರು ಏಳುವ ಮುಂಚೆ ಒಳಗೆ ತರುತ್ತಿದ್ದೆ. ಸಿಕ್ಕಿಬೀಳುವ ಹೆದರಿಕೆಗೆ ಹಾಸಿಗೆ ಇನ್ನಷ್ಟು ಒದ್ದೆಯಾಯಿತು. ಆದರೂ ಬಿಡಲಿಲ್ಲ. ಹದಿನೈದು ದಿನಕ್ಕೆ ಮೊಳಕೆಗಳು ಸುಟ್ಟ ಕಾಗದದಂತಾದವು.

“ನೆರಳಾಗ ಇಟ್ಟಿದ್ನೆಲ್ರಿ ಅತ್ತಿ, ಹೆಂಗ ಸುಟ್ಟು ಹೋತು?” ಎಂದು ಕಾಕು ಅತ್ತಳು.

ಅಜ್ಜಿ ನನ್ನನ್ನೊಮ್ಮೆ ನೋಡಿ ಎಲೆಗೆ ಸುಣ್ಣ ಸವರಿದಳು. “ಮಂದಿ ಮುಂದ ಹುಡಗೀನ ನಗಿಗೀಡ ಮಾಡಿದರ ಡಬ್ಬಿಗೂ ಎರಡು ಕಾಲ ಬರ್ತಾವವಾ.”

ಮರುದಿನ ಬೆಳಿಗ್ಗೆ ನನ್ನ ಹಾಸಿಗೆ ಒಣಗಿತ್ತು.