ಬೆಳಗಿನ ಭಾಷೆ, ಮಧ್ಯಾಹ್ನದ ಭಾಷೆ

ಬೆಳಗಿನ ತರಗತಿಯಲ್ಲಿ ವೆದ್ರಾನಾ ಟೀಚರ್ ಬಾಯಿತಪ್ಪಿ ಕಾಫಿಗೆ ‘ಕಹ್ವಾ’ ಅಂದುಬಿಟ್ಟಳು. ಅಷ್ಟಕ್ಕೇ ನಿಂತಿದ್ದರೆ ಹೇಗೋ ಸುಧಾರಿಸಿಕೊಳ್ಳಬಹುದಿತ್ತು. ಆ ಗಾಬರಿಯಲ್ಲೇ ಮಧ್ಯಾಹ್ನದ ತರಗತಿಗೆ ಹೋಗಿ ಅದೇ ಕಾಫಿಗೆ ‘ಕಾವಾ’ ಅಂದಳು. ಸಂಜೆಯೊಳಗೆ ಎರಡೂ ಕಡೆಯ ಪೋಷಕರಿಂದ ದೂರು ಬಂತು.

ಕ್ರೊಯೇಟರೂ ಬೋಸ್ನಿಯಾಕರೂ ಬಡಿದಾಡಿಕೊಂಡ ಯುದ್ಧ ಮುಗಿದಾಗಿನಿಂದ ಬೋಸ್ನಿಯಾದ ಆ ಊರಲ್ಲಿ ಒಂದೇ ಸೂರಿನ ಕೆಳಗೆ ಎರಡು ಶಾಲೆ. ಬೆಳಿಗ್ಗೆ ಎಡಬಾಗಿಲಿನಿಂದ ಕ್ರೊಯೇಟರ ಮಕ್ಕಳು, ಮಧ್ಯಾಹ್ನ ಬಲಬಾಗಿಲಿನಿಂದ ಬೋಸ್ನಿಯಾಕರ ಮಕ್ಕಳು. ಕೋಣೆ ಅದೇ, ಬೆಂಚು ಅದೇ, ಕ್ರಿಯಾಪದವೂ ಅದೇ. ವಿಷಯದ ಹೆಸರು ಮಾತ್ರ ಬೆಳಿಗ್ಗೆ ಕ್ರೊಯೇಷಿಯನ್, ಊಟವಾದ ಮೇಲೆ ಬೋಸ್ನಿಯನ್. ಬೆಳಗಿನವರು ಕಾವಾ ಅನ್ನಬೇಕು, ಮಧ್ಯಾಹ್ನದವರು ಕಹ್ವಾ. ವಿಷಯ ಎರಡಾದರೂ ಕಲಿಸುವವಳು ವೆದ್ರಾನಾ ಒಬ್ಬಳೇ, ಅರ್ಧ ಕೆಲಸ ಅಲ್ಲಿ, ಅರ್ಧ ಇಲ್ಲಿ. ಅವಳ ಅಪ್ಪ ಕ್ರೊಯೇಟ್, ಅಮ್ಮ ಬೋಸ್ನಿಯಾಕ್. ಅಪ್ಪ ಕಾವಾ ಕೇಳಿದರೆ ಅಮ್ಮ ಕಹ್ವಾ ತಂದುಕೊಡುತ್ತಿದ್ದಳು. ತಾನು ಕೇಳಿದ್ದು ಇದಲ್ಲ ಎಂದು ಅಪ್ಪ ಒಂದು ದಿನವೂ ತಕರಾರು ತೆಗೆದವನಲ್ಲ.

ದೂರಿನ ಸುದ್ದಿ ಸ್ಟುಟ್‌ಗಾರ್ಟಿನಲ್ಲಿದ್ದ ಅಕ್ಕನ ಕಿವಿಗೂ ಬಿತ್ತು. ಅವಳು ಅಲ್ಲಿ ವೃದ್ಧಾಶ್ರಮದಲ್ಲಿ ಮುದುಕರಿಗೆ ಸ್ನಾನ ಮಾಡಿಸುವ ಕೆಲಸದಲ್ಲಿದ್ದಳು. “ಬಂದ್ಬಿಡೇ ಇಲ್ಲಿಗೆ. ನೀನ್ಯಾವ ಭಾಷೆಯೋಳು ಅಂತ ಕೇಳೋ ತ್ರಾಣ ಇಲ್ಲಿನೋರಿಗಿಲ್ಲ” ಅಂದಳು. ವೆದ್ರಾನಾಳಿಗೆ ಅಳು ಬಂತು. ಪಾಠ ಮಾಡುವುದು ಬಿಟ್ಟು ಅವಳಿಗೆ ಬೇರೇನೂ ಬರುತ್ತಿರಲಿಲ್ಲ, ಬೇರೇನೂ ಬೇಕಾಗಿಯೂ ಇರಲಿಲ್ಲ.

ಶುಕ್ರವಾರ ವಿಚಾರಣೆ. ಮೇಜಿನ ಆ ಕಡೆ ಬೆಳಗಿನ ಶಾಲೆಯ ಹೆಡ್‌ಮಾಸ್ಟರ್ ಸ್ಟಿಪಾನ್, ಈ ಕಡೆ ಮಧ್ಯಾಹ್ನದ ಶಾಲೆಯ ಹೆಡ್‌ಮಾಸ್ಟರ್ ಮುಹಾರೆಮ್, ನಡುವೆ ಶಿಕ್ಷಣ ಇಲಾಖೆಯ ಗುಮಾಸ್ತೆ. ಹೆಡ್‌ಮಾಸ್ಟರುಗಳಿಬ್ಬರೂ ಚಿಕ್ಕಂದಿನಲ್ಲಿ ಒಂದೇ ಬೆಂಚಿನವರು. ಈಗಲೂ ಭಾನುವಾರ ನದಿ ದಂಡೆಯಲ್ಲಿ ಗಾಳ ಹಾಕಿಕೊಂಡು ಕೂತು ಹೊಟ್ಟೆ ಹುಣ್ಣಾಗುವಂತೆ ನಗುತ್ತಾರೆ. ಆದರೆ ಸಭೆಯಲ್ಲಿ ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಥವಾಗಕೂಡದು. ಎರಡು ಶಾಲೆಯೂ ಎರಡು ಹುದ್ದೆಯೂ ಉಳಿದಿರುವುದೇ ಅದರಿಂದ. ಹಾಗಾಗಿ ಇಬ್ಬರೂ ಕೂತ ಸಭೆಗೆ ದುಭಾಷಿ ಬೇಕೇ ಬೇಕೆಂಬುದು ನಿಯಮ.

ದುಭಾಷಿ ಮಗಳ ಮದುವೆಗೆಂದು ಸಮುದ್ರತೀರಕ್ಕೆ ಹೋಗಿದ್ದ. ಎರಡೂ ಭಾಷೆಯಲ್ಲಿ ಪರೀಕ್ಷೆ ಪಾಸಾದ ಇನ್ನೊಬ್ಬರು ಯಾರೆಂದು ಊರೆಲ್ಲ ಹುಡುಕಿದರೆ ಸಿಕ್ಕವಳು ವೆದ್ರಾನಾ ಒಬ್ಬಳೇ. ಆರೋಪಿಯೇ ದುಭಾಷಿಯಾಗಬಾರದೆಂದು ನಿಯಮದಲ್ಲಿ ಎಲ್ಲೂ ಇರಲಿಲ್ಲ.

ಸ್ಟಿಪಾನ್ ಗಂಟಲು ಸರಿಮಾಡಿಕೊಂಡ. “ಈ ಟೀಚರು ನಮ್ಮ ಮಕ್ಕಳಿಗೆ ಬೆಳಬೆಳಿಗ್ಗೇನೇ ಪಕ್ಕದ ಮನೆ ಕಾಫಿ ಕುಡಿಸ್ತಿದಾರೆ. ನಾಳೆಯಿಂದ ಇವರು ನಮಗೆ ಬೇಡ.”

ವೆದ್ರಾನಾ ಎದ್ದು ನಿಂತಳು. ಮುಹಾರೆಮನ ಕಡೆ ತಿರುಗಿ, “ಸ್ಟಿಪಾನ್ ಸಾರ್ ಹೇಳ್ತಿದಾರೆ, ಈ ಟೀಚರು ಚೆನ್ನಾಗಿ ಪಾಠ ಮಾಡ್ತಾರೆ, ಇವರು ನಮ್ಮಲ್ಲೇ ಇರಲಿ ಅಂತ” ಎಂದಳು.

ಸ್ಟಿಪಾನನ ಮುಖ ಕೆಂಪಗಾಯಿತು. ಬಾಯಿ ತೆರೆದವನು ಹಾಗೆಯೇ ಮುಚ್ಚಿದ. ತಾನು ಹಾಗೆ ಹೇಳಿಲ್ಲ ಎನ್ನಬೇಕಾದರೆ ಅವಳು ಹೇಳಿದ್ದು ತನಗೆ ತಿಳಿಯಿತೆಂದು ಒಪ್ಪಬೇಕಲ್ಲ. ಗೆಳೆಯನ ಪೇಚಾಟ ನೋಡಿ ಮುಹಾರೆಮ್ ಮೀಸೆಯಡಿ ನಕ್ಕ. ಆಮೇಲೆ ಗತ್ತಿನಿಂದ, ತಮ್ಮ ಶಾಲೆಗೂ ಈ ಟೀಚರ ಅಗತ್ಯವಿಲ್ಲ, ಇಂದೇ ಕಳಿಸಿಬಿಡೋಣ ಎಂದ.

ವೆದ್ರಾನಾ ಈಗ ಸ್ಟಿಪಾನನ ಕಡೆ ತಿರುಗಿದಳು. “ಮುಹಾರೆಮ್ ಸಾರ್ ಅವರದ್ದೂ ಅದೇ ಮಾತು. ಇಂಥ ಟೀಚರು ಇನ್ನೊಬ್ಬರು ಸಿಗಲ್ಲ, ಕೆಲಸ ಕಾಯಂ ಮಾಡೋಣ ಅಂತಿದಾರೆ.”

ಮುಹಾರೆಮನ ನಗು ಮೀಸೆಯಲ್ಲೇ ಇಂಗಿಹೋಯಿತು. ಇಲಾಖೆಯ ಗುಮಾಸ್ತೆ ಪೆನ್ನು ಹಿಡಿದುಕೊಂಡು ಅವರನ್ನೂ ಇವರನ್ನೂ ನೋಡಿದಳು. ಕೊನೆಗೆ ಸ್ಟಿಪಾನನನ್ನೇ ಕೇಳಿದಳು: “ಸಾರ್, ಈಕೆ ಅನುವಾದ ಮಾಡಿದ್ದು ಸರೀನಾ? ಹಾಗೇ ಬರ್ಕೊಳ್ಳಲಾ?”

ಸ್ಟಿಪಾನ್ ಮುಹಾರೆಮನ ಮುಖ ನೋಡಿದ. ಮುಹಾರೆಮ್ ಚಾವಣಿ ನೋಡುತ್ತಿದ್ದ.

“ನನ್ನನ್ನೇನಮ್ಮ ಕೇಳ್ತೀರಿ?” ಎಂದ ಸ್ಟಿಪಾನ್. “ನನಗೆ ಆ ಭಾಷೆ ಬರಲ್ಲ.”