ಮದರಂಗಿ ಒಣಗುವ ತನಕ

ಮದರಂಗಿಯ ವಾಸನೆ ಬಂದರೆ ಈಗಲೂ ಚಿಕ್ಕಬಾಣಾವರದ ಆ ಮಧ್ಯಾಹ್ನ ನೆನಪಾಗುತ್ತದೆ.

ಪಕ್ಕದ ಬಾಡಿಗೆ ಕೋಣೆಯ ರೇಣಕ್ಕನಿಗೆ ಮರುದಿನ ಮದುವೆ. ಇನ್ನು ಕಾಲೇಜು ಸಾಕೆಂದು ಗಂಡಿನ ಮನೆಯವರು ಹೇಳಿದ್ದರು. ಚಾವಣಿಯ ಶೀಟಿನ ತೂತುಗಳಿಂದ ಬಿಸಿಲು ಚುಕ್ಕಿಚುಕ್ಕಿಯಾಗಿ ಬೀಳುತ್ತಿತ್ತು. ಮದರಂಗಿ ಮೆತ್ತಿದ ಅಂಗೈಗಳನ್ನು ಮಡಿಲಲ್ಲಿ ಬಿಡಿಸಿಟ್ಟುಕೊಂಡು ಅವಳು ನನಗೆ ಲೆಕ್ಕ ಹೇಳಿಕೊಡುತ್ತಿದ್ದಳು. ಐದು ಪ್ಲಸ್ ಎರಡು ರೂಟ್ ಆರು, ಅಷ್ಟೂ ಸೇರಿ ಅದರ ಮೇಲೆ ಇನ್ನೊಂದು ರೂಟ್.

"ಕೂಡಿದ್ರ ಐದು, ಗುಣಿಸಿದ್ರ ಆರು. ಯಾವ ಎರಡು ಸಂಖ್ಯೆ?"

"ಮೂರು, ಎರಡು."

"ಹಂಗಾರ ರೂಟ್ ಮೂರು ಪ್ಲಸ್ ರೂಟ್ ಎರಡು. ಮ್ಯಾಲಿನ ರೂಟ್ ಹೋತು ನೋಡು."

ಒಳಗಿನಿಂದ ಅವಳ ಅವ್ವ ಕೂಗಿದಳು. "ಒಣಗಿತೇನ? ಬಂದು ಕೈ ತೊಳ್ಕೋ."

ಮದರಂಗಿ ಆಗಲೇ ಚಕ್ಕೆಚಕ್ಕೆಯಾಗಿ ಅವಳ ಮಡಿಲಿಗೆ ಉದುರುತ್ತಿತ್ತು.

"ಇನ್ನೂ ಹಸಿ ಐತಿ ಬೇ" ಎಂದ ರೇಣಕ್ಕ ನನ್ನ ಕಡೆ ತಿರುಗಿ, "ಮುಂದಿನ ಲೆಕ್ಕ ಓದು" ಎಂದಳು.