ಇಲಾರಿಯೆ ಹೆಸರಿನ ನೀರು

"ಬಾವಿಯ ಬಗ್ಗೆ ಮೇಲ್ಮನವಿ ಹಾಕಿದ್ದ ಇಲಾರಿಯೆ ತೀರಿಕೊಂಡಿದ್ದಾರೆ. ವಾರಸುದಾರರು ಯಾರೂ ಮುಂದೆ ಬರದಿದ್ದರೆ ಕೇಸು ಇಲ್ಲಿಗೇ ಮುಗಿಯಿತು," ಎಂದರು ಕ್ರಯೋವಾ ನಗರದ ಮೇಲಿನ ಕೋರ್ಟಿನ ನ್ಯಾಯಾಧೀಶೆ. ಹಿಂದಿನ ಬೆಂಚಿನಲ್ಲಿ ಅವನ ವಿಧವೆ ಪರಸ್ಕೀವಾ ಕೂತಿದ್ದಳು.

ಪ್ರತಿವಾದಿ, ನೆರೆಮನೆಯ ಘೆರಾಸಿಮ್ ಸುಮ್ಮನೆ ಕೂತಿದ್ದರೆ ಸಾಕಿತ್ತು, ಕೆಳಗಿನ ಕೋರ್ಟಿನಲ್ಲಿ ಗೆದ್ದ ಬಾವಿ ಅವನದಾಗಿಯೇ ಉಳಿಯುತ್ತಿತ್ತು. ಅವನು ಟೋಪಿ ತೆಗೆದು ಎದ್ದ. "ಅಮ್ಮಾ, ಅವನ ಹೆಂಡ್ತಿ ಅಲ್ಲೇ ಕೂತವ್ಳೆ. ಹೆದರ್ಕೊಂಡು ಮಾತು ಬರ್ತಿಲ್ಲ, ಅಷ್ಟೆ." ವಕೀಲ ಅವನ ಕೋಟು ಜಗ್ಗಿದ. ಘೆರಾಸಿಮ್ ಆ ಕೈ ಕೊಡವಿದ. "ಸುಮ್ನಿರಯ್ಯ! ಸತ್ತವನನ್ನ ಸೋಲಿಸಿ ಯಾರ ಮುಂದೆ ಮೀಸೆ ತಿರುವ್ಲಿ? ಏಳೇ ಪರಸ್ಕೀವಾ, ಕೇಸು ನಾನು ನಡೆಸ್ತೀನಿ ಅನ್ನು."

"ನಡೆಸ್ತೀನಿ," ಎಂದಳು ಪರಸ್ಕೀವಾ.

ಸತ್ತವರಿಗೆ ಮೇಲಿನ ಲೋಕದಲ್ಲಿ ದಾಹವಾಗದಿರಲೆಂದು ಅವರ ಹೆಸರಿನಲ್ಲಿ ನೆರೆಮನೆಗಳಿಗೆ ನೀರು ಹೊತ್ತು ಕೊಡುವುದು ಊರ ರೂಢಿ. ಅವಳು ಎಲ್ಲ ಮನೆಗೂ ಕೊಟ್ಟಿದ್ದಳು, ಘೆರಾಸಿಮನ ಮನೆಯೊಂದನ್ನು ಬಿಟ್ಟು. ಮರುದಿನ ಬೆಳಿಗ್ಗೆ ವ್ಯಾಜ್ಯದ ಬಾವಿಯಿಂದಲೇ ಸೇದಿದ ಬಕೆಟ್ಟನ್ನು ಅವನ ಹೊಸ್ತಿಲಲ್ಲಿ ಇಟ್ಟಳು.

"ಇಲಾರಿಯೆ ಹೆಸರಲ್ಲಿ."

ಘೆರಾಸಿಮ್ ಬೊಗಸೆ ತುಂಬ ಕುಡಿದ. "ದೇವರು ಅವನನ್ನ ಕ್ಷಮಿಸಿ ಚೆನ್ನಾಗಿಟ್ಟಿರ್ಲಿ," ಎಂದು ಒದ್ದೆ ಮೀಸೆ ಒರೆಸಿಕೊಂಡ. "ಬಾವಿ ಮಾತ್ರ ನಂದೇ."

ಗಂಡನನ್ನು ಮಣ್ಣು ಮಾಡಿದ ಮೇಲೆ ಪರಸ್ಕೀವಾ ನಕ್ಕದ್ದು ಅದೇ ಮೊದಲು.

"ಅದನ್ನ ಕೋರ್ಟಲ್ಲಿ ನೋಡ್ಕೊಳ್ಳೋಣ, ಅಣ್ಣಾ."